ಕಿಟಕಿಯಲ್ಲಿ ಕೂತ ಹುಡುಗ

ಗುಣವಾಗದ ಕಾಯಿಲೆಯ ಕೂಸು ಮಲಗಿದ ಮನೆಯಲ್ಲಿ ದೊಡ್ಡವರ ದನಿ ತಾನಾಗಿ ತಗ್ಗುತ್ತದೆ. ಪಡಸಾಲೆಯಲ್ಲಿ ಪಿಸುಮಾತು. ಒಳಗೆ ಬಂದರೆ, ‘ಏನೂ ಆಗಂಗಿಲ್ಲ ಮಗಾ, ನಾಳೆ ಸಾಲಿಗಿ ಹೋಗಾಂವ ನೀ’ ಎಂಬ ಸುಳ್ಳು. ಪ್ರೀತಿಯ ಸುಳ್ಳೇ ಅದು. ಆದರೆ ಕೂಸಿಗೆ ಗೋಡೆಯಾಚೆಯ ಮಾತೂ ಕೇಳಿಸುತ್ತದೆ, ಅವ್ವನ ಕೆಂಪು ಕಣ್ಣೂ ಕಾಣುತ್ತದೆ. ಅವ್ವ ಅಳಬಾರದೆಂದು ಅದೂ ಏನೂ ತಿಳಿಯದಂತೆ ಇರತೊಡಗುತ್ತದೆ. ಹೀಗೆ ಒಂದೇ ಕೋಣೆಯಲ್ಲಿದ್ದೂ ಇಬ್ಬರೂ ಒಂಟಿಯಾಗುತ್ತಾರೆ.

ರವೀಂದ್ರನಾಥ ಠಾಕೂರರು 1907ರಲ್ಲಿ ಎಳೆಯ ಮಗ ಶಮೀಂದ್ರನನ್ನು ಕಳೆದುಕೊಂಡರು. ಅವರ ‘ಡಾಕ್ ಘರ್’ ನಾಟಕ 1912ರಲ್ಲಿ ಅಚ್ಚಾಯಿತು. ಅದರಲ್ಲಿ ಅಮಲ ಎಂಬ ಕಾಯಿಲೆಯ ಹುಡುಗ. ಹೊರಗೆ ಬಿಡಬೇಡಿ ಎಂದು ವೈದ್ಯರ ಕಟ್ಟಪ್ಪಣೆ, ಹಾಗಾಗಿ ಕಿಟಕಿಯೇ ಅವನ ಊರು. ಮೊಸರು ಮಾರುವವನನ್ನು ತಡೆದು ನಿಲ್ಲಿಸುತ್ತಾನೆ, ಕೊಳ್ಳಲಿಕ್ಕಲ್ಲ, ಆ ಕೂಗನ್ನು ಕಲಿಯಲಿಕ್ಕೆ! ವ್ಯಾಪಾರ ಕೆಟ್ಟಿತೆಂದು ಸಿಡುಕಿದವನೇ ಕಡೆಗೆ ಪುಕ್ಕಟೆ ಮೊಸರು ಕೊಟ್ಟು, ತನ್ನ ಕಸುಬಿನಲ್ಲಿ ಇಷ್ಟು ಸುಖವಿದೆಯೇ ಎಂದು ಬೆರಗಾಗಿ ಹೋಗುತ್ತಾನೆ.

ಈ ಅಮಲ ರಾಯಬಾಗ ತಾಲೂಕಿನ ಅಲಖನೂರಿನವನಾಗಿದ್ದರೆ? ಕಬ್ಬು ಹೇರಿಕೊಂಡು ಹೋಗುವ ಟ್ರ್ಯಾಕ್ಟರಿನವನಿಗೆ, ‘ಕಾಕಾ, ಹಾರ್ನ್ ಹೊಡಿ’ ಎನ್ನುತ್ತಿದ್ದ. ಕುರಿ ಹೊಡೆದುಕೊಂಡು ಹೋಗುವವನ ಲೆಕ್ಕ ತಪ್ಪಿಸುತ್ತಿದ್ದ. ‘ಮಿರಜಿ ದವಾಖಾನಿಗಿ ಒಯ್ದಿದ್ರು. ಡಾಕ್ಟರ್ ಸೂಜಿಗಿಂತ ನನ್ನ ತೋಳೇ ಸಣ್ಣ ಆಗೇತಿ’ ಎಂದು ನಗುತ್ತಿದ್ದ. ಕೇಳಿದವರಿಗೆ ನಗಲೂ ಅಂಜಿಕೆ. ನಗಬೇಕು. ಅವನು ನಿಜ ಹೇಳಿದ್ದಾನೆ, ನಮಗೆ ತಡೆದುಕೊಳ್ಳಲು ಸುಲಭವಾಗಲೆಂದು ನಗೆ ಬೆರೆಸಿದ್ದಾನೆ.

ಪೋಲೆಂಡಿನ ವಾರ್ಸಾದಲ್ಲಿ ನಾಜಿಗಳು ಯಹೂದಿಗಳನ್ನು ಗೋಡೆ ಕಟ್ಟಿ ಕೂಡಿಹಾಕಿದ್ದರು. ಅಲ್ಲಿ ಅನಾಥಾಲಯ ನಡೆಸುತ್ತಿದ್ದ ಮಕ್ಕಳ ವೈದ್ಯ ಯಾನುಷ್ ಕೋರ್ಚಾಕ್, 1942ರ ಜುಲೈ 18ರಂದು ತಮ್ಮ ಮಕ್ಕಳಿಂದ ಇದೇ ನಾಟಕ ಆಡಿಸಿದರು. ಮೂರು ವಾರ ತುಂಬುವ ಮೊದಲೇ ಸುಮಾರು ಇನ್ನೂರು ಮಕ್ಕಳನ್ನು ನಾಜಿಗಳು ಟ್ರೆಬ್ಲಿಂಕಾದ ಸಾವಿನ ಶಿಬಿರಕ್ಕೆ ಒಯ್ದರು. ಕೋರ್ಚಾಕ್ ಮಕ್ಕಳನ್ನು ಬಿಡಲಿಲ್ಲ, ಜೊತೆಗೇ ಹೋದರು. ಸಾವು ಹೊಸ್ತಿಲಲ್ಲಿದ್ದಾಗ ಈ ವೈದ್ಯ ಮಕ್ಕಳ ಕೈಗಿಟ್ಟದ್ದು ಸುಳ್ಳನ್ನಲ್ಲ, ಅಮಲನ ಕಿಟಕಿಯನ್ನು.

‘ನಾ ಸಾಯ್ತೀನೇನವ್ವಾ?’ ಎಂದು ಕೂಸು ಕೇಳಿದರೆ ಮುಖ ತಿರುಗಿಸಿ ಎದ್ದುಹೋಗಬೇಡಿ. ಹಾಸಿಗೆಯ ಅಂಚಿಗೆ ಕೂತು, ‘ನಿನಗೇನ ಅನಸತೈತಿ?’ ಎಂದು ಕೇಳಿ. ಅದು ಹೇಳುವಷ್ಟೂ ಕೇಳಿಸಿಕೊಳ್ಳಿ. ಅಳು ಬಂದರೆ ಅದರ ಮುಂದೆಯೇ ಅಳಿ. ನಡುವೆ ಅದು ಮೊಸರಿನ ಮಾತು ತೆಗೆದರೆ ಮೊಸರಿನ ಮಾತನ್ನೇ ಆಡಿ. ಮೊಸರಿನವ್ವ ಹೆಂಗ ಕೂಗತಾಳ, ಕೂಗಿ ತೋರಸು ಎಂದರೆ, ಇಡೀ ಓಣಿಗೆ ಕೇಳುವ ಹಾಗೆ ಕೂಗಿ.