ನೀರು ನೆಟ್ಟಗಿದ್ದರೆ ಮೀನು ನೆಟ್ಟಗೆ: ಮನೆಯಲ್ಲಿ ಗೋಲ್ಡ್‌ಫಿಷ್ ಸಾಕುವ ಬಗ್ಗೆ ಒಂದಿಷ್ಟು ಮಾತು

(ಮಹಿಳಾ ವಿಭಾಗದ ತಿಂಗಳ ಸಭೆಯಲ್ಲಿ ಆಡಿದ ಮಾತುಗಳ ಬರಹರೂಪ)

ಹೋದ ತಿಂಗಳು ಮಿಲ್ಲೆಟ್ ಅಡುಗೆ, ಅದರ ಹಿಂದಿನ ತಿಂಗಳು ತೆರಿಗೆ ಉಳಿತಾಯ ಆಯಿತು. ಈ ತಿಂಗಳು ನೀವೇ ಮಾತಾಡಿ ಅಂದಾಗ ನನಗೆ ಗೊತ್ತಿದ್ದದ್ದು ಎರಡೇ ವಿಷಯ. ಸಾಫ್ಟ್‌ವೇರ್ ಬಗ್ಗೆ ಮಾತಾಡಿದರೆ ನೀವು ಎದ್ದು ಹೋಗುತ್ತೀರಿ. ಹಾಗಾಗಿ ಮೀನಿನ ಬಗ್ಗೆ.

ಮಗಳ ಆರನೇ ವರ್ಷದ ಹುಟ್ಟುಹಬ್ಬಕ್ಕೆ ಯಾರೋ ಪ್ರೀತಿಯಿಂದ ಒಂದು ಗಾಜಿನ ಬಟ್ಟಲು, ಅದರಲ್ಲಿ ಎರಡು ಗೋಲ್ಡ್‌ಫಿಷ್ ತಂದುಕೊಟ್ಟರು. ನಾಲ್ಕನೇ ದಿನ ಒಂದು ಸತ್ತಿತು. ಎಂಟನೇ ದಿನ ಇನ್ನೊಂದು. ಪಕ್ಕದ ಮನೆಯವರು ಸಮಾಧಾನ ಹೇಳಿದರು: "ಮನೆಗೆ ಬಂದ ದೃಷ್ಟೀನ ಮೀನು ತಗೊಂಡು ಹೋಯ್ತು, ಒಳ್ಳೇದೇ ಆಯ್ತು ಬಿಡಿ." ಈ ಮಾತು ನೀವೂ ಕೇಳಿರುತ್ತೀರಿ. ಮಗಳು ಮಾತ್ರ ರಾತ್ರಿ ಮಲಗುವಾಗ ಕೇಳಿದಳು: "ಅಮ್ಮಾ, ದೃಷ್ಟಿ ತಗೊಂಡು ಹೋಗು ಅಂತ ಅದಕ್ಕೆ ಯಾರು ಹೇಳಿದ್ರು?"

ನನ್ನ ಹತ್ತಿರ ಉತ್ತರ ಇರಲಿಲ್ಲ. ಎಂಟೆಕ್ ಮಾಡಿದ್ದೇನೆ, ಆಫೀಸಿನಲ್ಲಿ ಸರ್ವರ್ ಬಿದ್ದರೆ ಕಾರಣ ಹುಡುಕಿ ವರದಿ ಬರೆಯುತ್ತೇನೆ. ಮನೆಯಲ್ಲಿ ಎರಡು ಜೀವ ಹೋದಾಗ ಕಾರಣವನ್ನೇ ಕೇಳಲಿಲ್ಲವಲ್ಲ ಅನ್ನಿಸಿತು. ಆಮೇಲೆ ಹುಡುಕಿದೆ. ಕಾರಣದ ಹೆಸರು ಅಮೋನಿಯಾ.

ಮೀನು ಉಸಿರಾಡುವಾಗ ಕಿವಿರಿನಿಂದಲೇ ಅಮೋನಿಯಾ ಹೊರಬರುತ್ತದೆ. ಹಿಕ್ಕೆ, ತಿನ್ನದೆ ಬಿಟ್ಟ ಆಹಾರ ಕೊಳೆತಾಗಲೂ ಅದೇ. ಕೆರೆಯಲ್ಲಾದರೆ ಅದು ಕರಗಿ ಹೋಗುತ್ತದೆ. ಎರಡು ಲೀಟರ್ ಬಟ್ಟಲಿನಲ್ಲಿ ಎಲ್ಲಿಗೆ ಹೋಗಬೇಕು? ಮೀನು ತನ್ನ ವಿಷದಲ್ಲೇ ಈಜುತ್ತಿರುತ್ತದೆ. ನೀರು ಕನ್ನಡಿಯ ಹಾಗೆ ತಿಳಿಯಾಗಿ ಕಂಡರೂ ಒಳಗೆ ವಿಷ ಇರಬಹುದು, ಅಮೋನಿಯಾ ಕಣ್ಣಿಗೆ ಕಾಣುವುದಿಲ್ಲ.

ಇದಕ್ಕೆ ಪರಿಹಾರ ನಮಗೆಲ್ಲ ಗೊತ್ತಿರುವ ವಿದ್ಯೆಯೇ: ಮೊಸರಿಗೆ ಹೆಪ್ಪು ಹಾಕುವುದು. ಹಾಲು ಮೊಸರಾಗಬೇಕಾದರೆ ಕಣ್ಣಿಗೆ ಕಾಣದ ಜೀವಿಗಳು ಬೇಕು, ಹೊತ್ತು ಬೇಕು. ಅಕ್ವೇರಿಯಂನಲ್ಲೂ ಹಾಗೇ. ಒಂದು ಗುಂಪಿನ ಬ್ಯಾಕ್ಟೀರಿಯಾ ಅಮೋನಿಯಾವನ್ನು ನೈಟ್ರೈಟ್ ಮಾಡುತ್ತದೆ. ಅದೂ ವಿಷವೇ. ಇನ್ನೊಂದು ಗುಂಪು ನೈಟ್ರೈಟನ್ನು ನೈಟ್ರೇಟ್ ಮಾಡುತ್ತದೆ. ಇದು ಅಷ್ಟು ಅಪಾಯವಲ್ಲ, ವಾರಕ್ಕೊಮ್ಮೆ ಸ್ವಲ್ಪ ನೀರು ಬದಲಿಸಿದರೆ ಹೋಗುತ್ತದೆ. ಈ ಬ್ಯಾಕ್ಟೀರಿಯಾ ಹೆಚ್ಚಾಗಿ ಫಿಲ್ಟರ್‌ನ ಸ್ಪಂಜಿನಲ್ಲಿ ಮನೆ ಮಾಡಿಕೊಂಡಿರುತ್ತವೆ. ಮೊಸರಿಗೆ ಒಂದು ರಾತ್ರಿ ಸಾಕು, ಇವಕ್ಕೆ ನಾಲ್ಕರಿಂದ ಆರು ವಾರ ಬೇಕು. ಹಾಗಾಗಿ ತೊಟ್ಟಿ ತಂದ ದಿನವೇ ಮೀನು ತರಬಾರದು.

ನಾನು ಮೀನಿಲ್ಲದ ತೊಟ್ಟಿಗೆ ದಿನಾ ಒಂದು ಚಿಟಿಕೆ ಮೀನಿನ ಆಹಾರ ಹಾಕುತ್ತಿದ್ದೆ, ಕೊಳೆತು ಅಮೋನಿಯಾ ಬರಲಿ, ಬ್ಯಾಕ್ಟೀರಿಯಾ ಬೆಳೆಯಲಿ ಅಂತ. ಆಗ ದಾವಣಗೆರೆಯಿಂದ ಬಂದಿದ್ದ ನಮ್ಮ ಅತ್ತೆ ಎರಡು ದಿನ ಸುಮ್ಮನೆ ನೋಡಿ, ಮೂರನೇ ದಿನ ಕೇಳಿಯೇ ಬಿಟ್ಟರು: "ಏನಮ್ಮಾ, ಯಾರಿಗೆ ಎಡೆ ಇಡ್ತಿದೀಯ?" ದಿನ ಬಿಟ್ಟು ದಿನ ಟೆಸ್ಟ್ ಕಿಟ್‌ನಲ್ಲಿ ಹನಿ ಹಾಕಿ ಬಣ್ಣ ನೋಡಿ ಎಕ್ಸೆಲ್‌ನಲ್ಲಿ ಬರೆದೆ. ಮೊದಲು ಅಮೋನಿಯಾ ಏರಿತು, ಅದು ಇಳಿಯುವಾಗ ನೈಟ್ರೈಟ್ ಏರಿತು. 37ನೇ ದಿನ ಎರಡೂ ಸೊನ್ನೆ, ನೈಟ್ರೇಟ್ ಮಾತ್ರ ಇತ್ತು. ಅವತ್ತು ಅತ್ತೆಗೂ ತೋರಿಸಿದೆ. "ಹೆಪ್ಪು ಕೂತಿತು ಅನ್ನು" ಅಂದರು. ನಾನು ಅರ್ಧ ಗಂಟೆ ವಿವರಿಸಿದ್ದನ್ನು ಅವರು ಮೂರೇ ಮಾತಿನಲ್ಲಿ ಹೇಳಿದರು.

ಈಗ ತೊಟ್ಟಿಯ ಮಾತು. ಫ್ಯಾನ್ಸಿ ಗೋಲ್ಡ್‌ಫಿಷ್ ಅಂದರೆ ಗುಂಡು ಮೈ, ಜೋಡಿ ಬಾಲದವು. ತಲೆ ಮೇಲೆ ಟೋಪಿಯಂಥ ಗಂಟಿರುವುದು ಒರಾಂಡಾ, ಬೆನ್ನು ಗೂನಾಗಿರುವುದು ರ್ಯೂಕಿನ್, ಕಣ್ಣು ಹೊರಚಾಚಿದ ಕರಿಯದು ಬ್ಲ್ಯಾಕ್ ಮೂರ್, ಬೆನ್ನಮೇಲೆ ರೆಕ್ಕೆಯೇ ಇಲ್ಲದ್ದು ರಾಂಚು. ಎಲ್ಲವೂ ಚೀನಾದಲ್ಲಿ ನೂರಾರು ವರ್ಷ ಆರಿಸಿ ಆರಿಸಿ ಬೆಳೆಸಿದ ಮೀನಿನ ಸಂತತಿ. ಅಂಗಡಿಯಲ್ಲಿ ಬೆರಳುದ್ದ ಕಂಡರೂ ಚೆನ್ನಾಗಿ ಸಾಕಿದರೆ ಆರು ಅಂಗುಲ ಮೀರಿ ಬೆಳೆಯುತ್ತವೆ, ಹತ್ತು ವರ್ಷಕ್ಕೂ ಹೆಚ್ಚು ಬದುಕುತ್ತವೆ. ಹಾಗಾಗಿ ಮೊದಲ ಮೀನಿಗೆ 75 ಲೀಟರ್, ಆಮೇಲೆ ಒಂದೊಂದಕ್ಕೂ 40 ಲೀಟರ್ ಅಂತ ಲೆಕ್ಕ ಇಟ್ಟುಕೊಳ್ಳಿ. ನಮ್ಮದು 36 ಅಂಗುಲ ಉದ್ದ, 15 ಅಗಲ, 15 ಎತ್ತರ. ತುಂಬಿದರೆ ಸುಮಾರು 130 ಲೀಟರ್. ಎರಡು ಮೀನಿಗೆ ಸರಿ. ನೀರೇ 130 ಕಿಲೋ, ಗಾಜಿನ ತೂಕ ಬೇರೆ. ಶೋಕೇಸ್ ಮೇಲೆ ಇಡಬೇಡಿ, ಗಟ್ಟಿ ಸ್ಟ್ಯಾಂಡ್ ಬೇಕು. ಬಿಸಿಲು ನೇರ ಬೀಳಬಾರದು. ವೈರ್ ಪ್ಲಗ್‌ಗಿಂತ ಕೆಳಗೆ ಜೋತುಬಿದ್ದು ಮೇಲೆ ಹೋಗುವಂತಿರಲಿ, ನೀರಿನ ಹನಿ ವೈರ್ ಹಿಡಿದು ಪ್ಲಗ್‌ಗೆ ಇಳಿಯುವುದಿಲ್ಲ.

ತಳಕ್ಕೆ ಬಣ್ಣದ ಕಲ್ಲು ಬೇಡ. ಗೋಲ್ಡ್‌ಫಿಷ್ ತಳವನ್ನೆಲ್ಲ ಬಾಯಲ್ಲಿ ಹಾಕಿ ಉಗುಳುತ್ತದೆ, ಸಣ್ಣ ಕಲ್ಲು ಗಂಟಲಲ್ಲಿ ಸಿಕ್ಕಿಕೊಳ್ಳಬಹುದು. ನಯವಾದ ಮರಳಿನ ತೆಳು ಪದರ ಹಾಕಿ, ಇಲ್ಲವೇ ಖಾಲಿ ಬಿಡಿ. ಚೂಪಾದ ಪ್ಲಾಸ್ಟಿಕ್ ಗಿಡವೂ ಬೇಡ, ರೆಕ್ಕೆ ಹರಿಯುತ್ತದೆ. ಬ್ಲ್ಯಾಕ್ ಮೂರ್‌ನ ಕಣ್ಣಿಗಂತೂ ಅಪಾಯ.

ನೀರು ಮೆಟ್ರೋ ವಾಟರ್ ಆಗಲಿ, ಲಾರಿ ನೀರಾಗಲಿ, ಕ್ಲೋರಿನ್ ಇದೆ ಅಂತಲೇ ತಿಳಿಯಿರಿ. ನಮ್ಮನ್ನು ಕಾಪಾಡುವ ಕ್ಲೋರಿನ್ ಮೀನಿನ ಕಿವಿರನ್ನೂ ಬ್ಯಾಕ್ಟೀರಿಯಾವನ್ನೂ ಸುಡುತ್ತದೆ. ಅಂಗಡಿಯಲ್ಲಿ ಆಂಟಿ ಕ್ಲೋರಿನ್ ಅಂತ ಸಿಗುತ್ತದೆ, ಪ್ಯಾಕೆಟ್ ಮೇಲಿನ ಅಳತೆಯಂತೆ ಹಾಕಿ. ಆರ್‌ಓ ನೀರು ಶುದ್ಧ ಅಂತ ಅದನ್ನೇ ತುಂಬಬೇಡಿ. ಅದರಲ್ಲಿ ಮೀನಿಗೆ ಬೇಕಾದ ಲವಣವೂ ಇರುವುದಿಲ್ಲ, ಪಿಎಚ್ ಕೂಡ ನಿಲ್ಲುವುದಿಲ್ಲ.

ಮೀನು ತರಲು ನಾವು ಹೋದದ್ದು ಕೊಳತ್ತೂರಿಗೆ. ಚೆನ್ನೈಯಲ್ಲಿದ್ದು ಕೊಳತ್ತೂರಿನ ಮೀನಿನ ಅಂಗಡಿಗಳನ್ನು ನೋಡದಿದ್ದರೆ ಒಮ್ಮೆ ಹೋಗಿ ಬನ್ನಿ, ಮಕ್ಕಳಿಗೆ ಜಾತ್ರೆ. ಆದರೆ ಬರಿಗೈಯಲ್ಲಿ ವಾಪಸ್ ಬರುವ ಮನಸ್ಸೂ ಇರಲಿ. ನೆಟ್ಟಗೆ ಈಜುವ, ರೆಕ್ಕೆ ಬಿಚ್ಚಿಕೊಂಡಿರುವ, ಮೈಮೇಲೆ ಬಿಳಿ ಚುಕ್ಕೆ ಇಲ್ಲದ ಮೀನನ್ನು ಆರಿಸಿ. ಅದೇ ತೊಟ್ಟಿಯಲ್ಲಿ ಸತ್ತ ಮೀನು ಕಂಡರೆ ಅಲ್ಲಿಂದ ಏನೂ ತರಬೇಡಿ. ನಾವು ಎರಡು ಒರಾಂಡಾ ತಂದೆವು. ಮಗಳು ಚಕ್ಲಿ, ಕೋಡುಬಳೆ ಅಂತ ಹೆಸರಿಟ್ಟಳು.

ಊಟದ ವಿಷಯಕ್ಕೆ ನಾವು ಹೆಂಗಸರು ಸೋಲುವುದು ಇಲ್ಲೇ. ಮೀನು ಗಾಜಿಗೆ ಮೂತಿ ಒತ್ತಿ ಬಂದರೆ ಕರುಳು ಚುರುಕ್ ಅನ್ನುತ್ತದೆ. ಗೋಲ್ಡ್‌ಫಿಷ್‌ಗೆ ನಮ್ಮ ಹಾಗೆ ಜಠರ ಇಲ್ಲ, ತಿಂದದ್ದು ನೇರ ಕರುಳಿಗೆ. ಅದಕ್ಕೇ ಸದಾ ಹಸಿದ ಹಾಗೆ ಕಾಣುತ್ತದೆ. ದಿನಕ್ಕೆ ಎರಡು ಸಲ, ಒಂದೆರಡು ನಿಮಿಷದಲ್ಲಿ ಮುಗಿಸುವಷ್ಟು ಸಾಕು. ತಳಕ್ಕೆ ಮುಳುಗುವ ಕಾಳು ಆಹಾರವನ್ನು ನೆನೆಸಿ ಹಾಕಿ. ವಾರಕ್ಕೊಮ್ಮೆ ಬೇಯಿಸಿ ಸಿಪ್ಪೆ ತೆಗೆದ ಹಸಿ ಬಟಾಣಿ ಕೊಡಬಹುದು. ಒಂದು ದಿನ ಉಪವಾಸ, ನಮ್ಮನೆಯಲ್ಲಿ ಅದಕ್ಕೆ ಏಕಾದಶಿ ಅಂತಲೇ ಹೆಸರು. ಅನ್ನ, ಬ್ರೆಡ್, ಚಪಾತಿ ಖಂಡಿತ ಬೇಡ. ಊರಿಗೆ ಹೋಗುವಾಗ ನಾಲ್ಕೈದು ದಿನಕ್ಕೆ ಪಕ್ಕದವರಿಗೆ ಡಬ್ಬಿ ಕೊಟ್ಟು ಹೋಗಬೇಡಿ. ದೊಡ್ಡ, ಆರೋಗ್ಯವಂತ ಮೀನು ಅಷ್ಟು ದಿನ ಹಸಿವಿನಿಂದ ಸಾಯುವುದಿಲ್ಲ, ಪ್ರೀತಿಯಿಂದ ಸುರಿದ ಆಹಾರದಿಂದ ಸಾಯುತ್ತದೆ.

ವಾರಕ್ಕೊಮ್ಮೆ ಕಾಲು ಭಾಗದಿಂದ ಮೂರನೇ ಒಂದು ಭಾಗ ನೀರು ಬದಲಿಸಿ. ಸ್ಪಂಜನ್ನು ನಲ್ಲಿ ಕೆಳಗೆ ತೊಳೆಯಬೇಡಿ, ತೊಟ್ಟಿಯಿಂದ ತೆಗೆದ ನೀರಿನಲ್ಲೇ ಹಿಂಡಿ. ತಳ ಫಳಫಳ ಅನ್ನುವಂತೆ ಎಲ್ಲ ಖಾಲಿ ಮಾಡಿ ಉಜ್ಜುವುದು ನಮಗೆ ಅಭ್ಯಾಸ. ಹಾಗೆ ಮಾಡಿದರೆ ಹೆಪ್ಪಿನ ಪಾತ್ರೆಯನ್ನು ಸೋಪು ಹಾಕಿ ತೊಳೆದ ಹಾಗೆ. ತೆಗೆದ ನೀರನ್ನು ಬಾಲ್ಕನಿಯ ಗಿಡಗಳಿಗೆ ಹಾಕಿ. ಅದರಲ್ಲಿರುವ ನೈಟ್ರೇಟ್ ಗಿಡಕ್ಕೆ ಗೊಬ್ಬರ.

ಇನ್ನೊಂದು ಮಾತು ಮುಚ್ಚುಮರೆ ಇಲ್ಲದೆ ಹೇಳಬೇಕು. ಈ ಮೀನಿಗೆ ಹಿತವಾದದ್ದು 18ರಿಂದ 24 ಡಿಗ್ರಿ ನೀರು. ಚೆನ್ನೈಯ ಮೇ ತಿಂಗಳಲ್ಲಿ ನಮ್ಮ ತೊಟ್ಟಿ 32 ಮುಟ್ಟಿದ್ದಿದೆ. ನೀರು ಬಿಸಿಯಾದಷ್ಟೂ ಅದರಲ್ಲಿ ಆಮ್ಲಜನಕ ಕಡಿಮೆ, ಅಮೋನಿಯಾದ ವಿಷ ಜಾಸ್ತಿ. ಮುಚ್ಚಳ ತೆಗೆದು ಜಾಲರಿ ಹಾಕಿ, ನೀರಿನ ಮೇಲೆ ಸಣ್ಣ ಫ್ಯಾನ್ ಬೀಸುವಂತೆ ಇಟ್ಟರೆ ಒಂದೆರಡು ಡಿಗ್ರಿ ಇಳಿಯುತ್ತದೆ. ಗಾಳಿಗುಳ್ಳೆ ಬಿಡುವ ಪಂಪ್ ಎರಡು ಇರಲಿ. ಮೂರಡಿ ತೊಟ್ಟಿಗೆ ಜಾಗ ಇಲ್ಲ, ಬೇಸಿಗೆಯಲ್ಲಿ ಮನೆ ತಂಪಾಗಿರುವುದಿಲ್ಲ ಅಂದರೆ ಗೋಲ್ಡ್‌ಫಿಷ್ ಬೇಡ. ಗಪ್ಪಿ ಸಾಕಿ. ನಮ್ಮ ಸೆಕೆಗೆ ಅವು ಒಗ್ಗುತ್ತವೆ.

2023ರ ಡಿಸೆಂಬರ್‌ನಲ್ಲಿ ಮಿಚಾಂಗ್ ಚಂಡಮಾರುತ ಬಂದದ್ದು ಇಲ್ಲಿರುವ ಯಾರಿಗೂ ಮರೆತಿರಲಿಕ್ಕಿಲ್ಲ. ನಮ್ಮ ಬೀದಿಯಲ್ಲಿ ಎರಡು ದಿನಕ್ಕೂ ಹೆಚ್ಚು ಕರೆಂಟ್ ಇರಲಿಲ್ಲ. ಫಿಲ್ಟರ್ ನಿಂತಿತು. ಸಂಜೆಗೆ ಎರಡೂ ಮೀನು ಮೇಲೆ ಬಂದು ಬಾಯಿ ಬಿಡತೊಡಗಿದವು. ನಾನು, ಮನೆಯವರು, ಮಗಳು ಸರದಿಯಲ್ಲಿ ಚೊಂಬಿನಲ್ಲಿ ನೀರು ಎತ್ತಿ ಎತ್ತರದಿಂದ ಸುರಿದೆವು, ಗಾಳಿ ಬೆರೆಯಲಿ ಅಂತ. ಆಹಾರ ನಿಲ್ಲಿಸಿದೆವು. ಎರಡನೇ ರಾತ್ರಿ ಮೂರೂ ಜನ ಅಲ್ಲೇ ನೆಲದ ಮೇಲೆ ನಿದ್ದೆ ಹೋದೆವು. ಕರೆಂಟ್ ಬಂದ ಮೇಲೆ ಎಲ್ಲ ಸರಿಹೋಯಿತು ಅಂದುಕೊಂಡು ಫಿಲ್ಟರ್ ಹಾಕಿದೆ. ಅದೇ ನನ್ನ ತಪ್ಪು. ಗಾಳಿಯಿಲ್ಲದೆ ಸ್ಪಂಜಿನ ಬ್ಯಾಕ್ಟೀರಿಯಾ ಸತ್ತು ಕೊಳೆತಿದ್ದವು, ಆ ಕೊಳೆಯೆಲ್ಲ ತೊಟ್ಟಿಗೆ ಬಂತು. ಮೊದಲೇ ಸ್ಪಂಜು ತೆಗೆದು ತೊಟ್ಟಿಯ ನೀರಿನಲ್ಲಿ ಜಾಲಾಡಿಸಬೇಕಿತ್ತು. ಐದನೇ ದಿನ ಕೋಡುಬಳೆ ಹೋಯಿತು.

ಈ ಸಲ ಮಗಳು ದೃಷ್ಟಿಯ ಮಾತು ಕೇಳಲಿಲ್ಲ. ತಾನೇ ಟೆಸ್ಟ್ ಟ್ಯೂಬ್‌ನಲ್ಲಿ ಹನಿ ಹಾಕಿ, ಬಣ್ಣ ನೋಡಿ, "ನೈಟ್ರೈಟ್ ಇದೆ ಅಮ್ಮಾ, ಚಕ್ಲಿಗೆ ನೀರು ಬದಲಿಸೋಣ" ಅಂದಳು. ಅಳುತ್ತಲೇ ಬಕೆಟ್ ತಂದಳು. ದಿನಾ ನೀರು ಬದಲಿಸಿ ಚಕ್ಲಿಯನ್ನು ಉಳಿಸಿಕೊಂಡೆವು. ಮರುವಾರವೇ ಬ್ಯಾಟರಿ ಏರ್ ಪಂಪ್ ಕೊಂಡೆವು. ನೀವು ಮೀನು ತರುವ ಮೊದಲೇ ಕೊಳ್ಳಿ.

ಕೊನೆಗೆ ಎರಡು ವಿನಂತಿ. ಹುಟ್ಟುಹಬ್ಬಕ್ಕೆ, ಗೃಹಪ್ರವೇಶಕ್ಕೆ ಬಟ್ಟಲಿನಲ್ಲಿ ಮೀನು ಉಡುಗೊರೆ ಕೊಡಬೇಡಿ. ಸಾಕಲಾಗದಿದ್ದರೆ ಕೆರೆಗೋ ಬಾವಿಗೋ ಬಿಡಬೇಡಿ, ಅಲ್ಲಿನ ಜೀವಿಗಳಿಗೆ ಅದು ಕಂಟಕ. ಸಾಕುವವರನ್ನು ಹುಡುಕಿ ಕೊಡಿ.

ಸಾಕಲೇಬೇಕು ಅಂತ ಮನಸ್ಸು ಮಾಡಿದವರು ತೊಟ್ಟಿ, ಫಿಲ್ಟರ್ ಸಿದ್ಧಮಾಡಿಕೊಂಡು ಒಂದು ಡಬ್ಬಿ ಹಿಡಿದು ನಮ್ಮ ಮನೆಗೆ ಬನ್ನಿ. ಚಕ್ಲಿಯ ತೊಟ್ಟಿಯಿಂದ ಸ್ಪಂಜಿನ ಒಂದು ತುಂಡು ಕತ್ತರಿಸಿ, ಒಣಗದಂತೆ ನೀರಿನಲ್ಲೇ ಹಾಕಿ ಕೊಡುತ್ತೇನೆ. ಆರು ವಾರ ಕಾಯುವುದು ಎಷ್ಟೋ ಕಡಿಮೆಯಾದೀತು. ಹೆಪ್ಪು ಕೇಳಿ ಬಂದವರಿಗೆ ಇಲ್ಲ ಅನ್ನುವ ರೂಢಿ ನಮ್ಮಲ್ಲಿಲ್ಲವಲ್ಲ. ಕಾಫಿಯೂ ಇರುತ್ತದೆ.