ಸಂಬಾರದ ಕಾಫಿ

ಸಂಬಾರ ಎಂದೊಡನೆ ಕೇಳುಗರ ಮನಸ್ಸು ಬೇಳೆಹುಳಿಯ ಕಡೆಗೆ ಹರಿಯಬಾರದು. ನಮ್ಮ ಹಿರಿಯರ ಮಾತಿನಲ್ಲಿ ಸಂಬಾರವೆಂದರೆ ಅಡುಗೆಗೆ ಕಂಪನ್ನೂ ಖಾರವನ್ನೂ ಕೊಡುವ ಏಲಕ್ಕಿ, ಲವಂಗ, ಮೆಣಸು, ಶುಂಠಿ, ದಾಲ್ಚಿನ್ನಿ ಮೊದಲಾದ ಪದಾರ್ಥಗಳು. ಇವುಗಳಲ್ಲಿ ಒಂದನ್ನೋ ಎರಡನ್ನೋ ಸೇರಿಸಿ ಮನೆಯಲ್ಲಿ ಕಾಯಿಸುವ ಕಾಫಿಯ ವಿಚಾರವಾಗಿ ಈ ಹೊತ್ತು ನಾಲ್ಕು ಮಾತು ಹೇಳಬೇಕೆಂದಿದ್ದೇನೆ. ಮೂವತ್ತು ವರ್ಷಕ್ಕೂ ಮಿಕ್ಕು ಪಂಪನನ್ನೂ ರನ್ನನನ್ನೂ ಪಾಠ ಹೇಳಿದವನಿಗೆ ಒಲೆಯ ಮುಂದಿನ ಈ ಅಧಿಕಾರ ಎಲ್ಲಿಂದ ಬಂತು ಎಂದು ಯಾರಾದರೂ ಕೇಳಬಹುದು. ನಿವೃತ್ತಿಯಾದ ಮೇಲೆ ಮನೆಯ ಕಾಫಿಯ ಹೊಣೆ ನನ್ನ ಪಾಲಿಗೆ ಬಂದಿದೆ. ನನ್ನ ಅರ್ಹತೆ ಅಷ್ಟೇ.

ನಮ್ಮ ಪಟ್ಟಣಗಳಲ್ಲಿ ಕಾಫಿಯೆಂದರೆ ಫಿಲ್ಟರಿನಲ್ಲಿ ಹನಿಹನಿಯಾಗಿ ಇಳಿದ ಡಿಕಾಕ್ಷನ್, ಕಾದ ಹಾಲು, ಸಕ್ಕರೆ, ಮೇಲಿಷ್ಟು ನೊರೆ. ಇದಕ್ಕೆ ಏಲಕ್ಕಿಯನ್ನು ಹಾಕುವುದು ಅಪಚಾರವೆಂದು ಭಾವಿಸುವ ಮಿತ್ರರು ನನಗೆ ಬಹಳ ಮಂದಿ. ಇನ್ನು ಕೆಲವರು ಸಂಬಾರದ ಕಾಫಿಯನ್ನು ಔಷಧದ ಪಟ್ಟಿಗೆ ಸೇರಿಸಿಬಿಟ್ಟಿದ್ದಾರೆ. ಮೂಗು ಸೋರಿದಾಗ ಅದರ ನೆನಪು, ಮೂಗು ನೆಟ್ಟಗಾದ ಮೇಲೆ ಮರೆವು. ಮೂರನೆಯವರು ಹೊಸಬರು. ದೊಡ್ಡ ನಗರದ ಕಾಫಿ ಅಂಗಡಿಯಲ್ಲಿ ನೊರೆಯ ಮೇಲೆ ದಾಲ್ಚಿನ್ನಿಯ ಪುಡಿಯನ್ನು ಉದುರಿಸಿ ಕೊಟ್ಟದ್ದನ್ನು ಕುಡಿದು, ಇದೊಂದು ಪಾಶ್ಚಾತ್ಯ ರುಚಿಯೆಂದು ತಿಳಿದವರು. ಈ ಮೂವರ ಮಾತೂ ನನಗೆ ಒಪ್ಪಿಗೆಯಾಗಿಲ್ಲ.

ಕಾಫಿಯನ್ನು ಪಾನೀಯವಾಗಿ ಬೆಳೆಸಿದವರು 15ನೆಯ ಶತಮಾನದ ಯೆಮನ್ ದೇಶದ ಸೂಫಿಗಳು. ಇರುಳಿನ ಜಪಕ್ಕೆ ನಿದ್ರೆ ಅಡ್ಡಿಯಾಗಬಾರದೆಂದು ಅವರು ಇದನ್ನು ಕುಡಿಯುತ್ತಿದ್ದರು. ಅರಬ್ಬೀ ಭಾಷೆಯಲ್ಲಿ ಇದರ ಹೆಸರು ಕಹ್ವ. ಅದಕ್ಕೂ ಹಿಂದೆ ಅದೇ ಹೆಸರು ಮದ್ಯಕ್ಕಿತ್ತು. 1511ರಲ್ಲಿ ಮೆಕ್ಕಾ ನಗರದ ಅಧಿಕಾರಿಯೊಬ್ಬ ಕಾಫಿಯನ್ನು ನಿಷೇಧಿಸಿದ. ನಿಷೇಧ ಬಹಳ ದಿನ ಬಾಳಲಿಲ್ಲ. ಆ ಅರಬ್ಬರ ನಾಡಿನಲ್ಲಿ ಇಂದಿಗೂ ಅತಿಥಿಗೆ ಕೊಡುವ ಕಾಫಿಯನ್ನು ನೋಡಿ. ಬೀಜವನ್ನು ಎಳೆಯ ಹೊಂಬಣ್ಣಕ್ಕೆ ಹುರಿದು, ಕುಟ್ಟಿ, ನೀರಿನಲ್ಲಿ ಕುದಿಸಿ, ಜಜ್ಜಿದ ಏಲಕ್ಕಿಯನ್ನು ಧಾರಾಳವಾಗಿ ಹಾಕುತ್ತಾರೆ. ಅನುಕೂಲಸ್ಥರ ಮನೆಯಾದರೆ ಒಂದೆರಡು ಎಸಳು ಕೇಸರಿಯೂ ಉಂಟು. ಹಾಲಿಲ್ಲ, ಸಕ್ಕರೆಯಿಲ್ಲ, ಜೊತೆಗೆ ಖರ್ಜೂರ. ಈ ಕಾಫಿಯ ಸತ್ಕಾರಕ್ರಮವನ್ನು ಯುನೆಸ್ಕೋ ಸಂಸ್ಥೆ 2015ರಲ್ಲಿ ಮಾನವಕುಲದ ಪರಂಪರೆಯ ಪಟ್ಟಿಗೆ ಸೇರಿಸಿತು. ಯೆಮನ್ನಿನಲ್ಲಿಯೇ ಇನ್ನೊಂದು ಬಗೆಯಿದೆ. ಬೀಜವನ್ನು ಮಾರಾಟಕ್ಕೆ ಬಿಟ್ಟು, ಅದರ ಒಣಗಿದ ಸಿಪ್ಪೆಯನ್ನು ಶುಂಠಿಯೊಡನೆ ಕುದಿಸಿ ಕುಡಿಯುತ್ತಾರೆ. ಅದಕ್ಕೆ ಕಿಶ್ರ್ ಎಂದು ಹೆಸರು. ಇನ್ನು ಮೆಕ್ಸಿಕೋದ ಹಳ್ಳಿಗರು ಮಣ್ಣಿನ ಮಡಕೆಯಲ್ಲಿ ದಾಲ್ಚಿನ್ನಿಯನ್ನೂ ನಮ್ಮ ಬೆಲ್ಲವನ್ನೇ ಹೋಲುವ ಕಂದು ಸಕ್ಕರೆಯನ್ನೂ ಹಾಕಿ ಕಾಫಿ ಕಾಯಿಸುತ್ತಾರೆ. ಹಾಗಿರುವಾಗ ಸಂಬಾರವನ್ನು ಕಾಫಿಗೆ ಹೊರಗಿನದು ಎನ್ನುವುದು ಹೇಗೆ?

ಇಲ್ಲಿ ನನಗೆ ಒಂದು ವಿನೋದ ಕಾಣುತ್ತದೆ. ಏಲಕ್ಕಿಯ ತವರು ನಮ್ಮ ಪಶ್ಚಿಮಘಟ್ಟ. ಅದು ಹಡಗೇರಿ ಅರಬ್ಬರ ನಾಡಿಗೆ ಹೋಯಿತು. ಕಾಫಿಯ ಬೀಜ ಅತ್ತಣಿಂದ ಇತ್ತ ಬಂತು. 17ನೆಯ ಶತಮಾನದಲ್ಲಿ ಬಾಬಾ ಬುಡನ್ ಎಂಬ ಸಂತರು ಯೆಮನ್ನಿನ ಮೋಖಾ ಬಂದರಿನಿಂದ ಏಳು ಬೀಜಗಳನ್ನು ತಂದು ಚಂದ್ರದ್ರೋಣ ಪರ್ವತದಲ್ಲಿ ಬಿತ್ತಿದರೆಂಬ ಐತಿಹ್ಯವನ್ನು ಚಿಕ್ಕಮಗಳೂರಿನ ಸೀಮೆಯಲ್ಲಿ ತಿಳಿಯದವರಿಲ್ಲ. ಆಮೇಲೆ ಕೊಡಗು, ಸಕಲೇಶಪುರಗಳ ತೋಟಗಳಲ್ಲಿ ಕಾಫಿಯ ಗಿಡ, ನೆರಳಿನ ಮರಕ್ಕೆ ಹಬ್ಬಿದ ಮೆಣಸಿನ ಬಳ್ಳಿ, ತೇವದ ತಗ್ಗಿನಲ್ಲಿ ಏಲಕ್ಕಿ, ಎಲ್ಲವೂ ಒಂದೇ ಮಳೆಗೆ ನೆನೆದುವು. ಆದರೂ ಏಲಕ್ಕಿಗೂ ಕಾಫಿಗೂ ಕಂಕಣ ಕೂಡಿದ್ದು ಕಡಲಾಚೆಯ ಮರಳುಗಾಡಿನಲ್ಲಿ! ನಮ್ಮ ತೋಟದ ನೆರೆಹೊರೆಯವರು ನಮ್ಮ ಪೇಟೆಯ ಲೋಟದಲ್ಲಿ ಪರಕೀಯರಾದರು. ಈ ಕಥೆಗೆ ಬಾಲವೊಂದಿದೆ: 20ನೆಯ ಶತಮಾನದ ಮೊದಲ ಭಾಗದಲ್ಲಿ ಏಲಕ್ಕಿ ಗ್ವಾಟೆಮಾಲ ದೇಶಕ್ಕೆ ಹೋಗಿ ನೆಲೆಯೂರಿತು, ಈಗ ಅರಬ್ಬರ ಕಾಫಿಗೆ ಬೀಳುವ ಏಲಕ್ಕಿಯಲ್ಲಿ ದೊಡ್ಡ ಪಾಲು ಅಲ್ಲಿಯದು.

ಪೇಟೆಯ ಲೋಟದ ಮಾತು ಹೀಗಾದರೆ, ಮಲೆನಾಡಿನ ಮತ್ತು ಕೊಡಗಿನ ಮನೆಗಳ ಮಾತು ಬೇರೆ. ಅಲ್ಲಿ ಬೆಲ್ಲದ ಕಾಫಿಯುಂಟು. ಮಳೆಗಾಲದಲ್ಲಿ ಅದಕ್ಕೆ ಒಣಶುಂಠಿ ಬೀಳುತ್ತದೆ, ನಾಲ್ಕು ಕಾಳು ಮೆಣಸು ಬೀಳುತ್ತದೆ, ಒಮ್ಮೊಮ್ಮೆ ಏಲಕ್ಕಿ. ಕೇರಳದ ಚುಕ್ಕುಕಾಪ್ಪಿ ಇದರ ಸೋದರಿ. ತಮಿಳುನಾಡಿನ ಸುಕ್ಕುಮಲ್ಲಿ ಕಾಪಿಯಲ್ಲಿ ಶುಂಠಿಯೂ ಕೊತ್ತಂಬರಿಯೂ ಇದ್ದು ಎಷ್ಟೋ ವೇಳೆ ಕಾಫಿಯೇ ಇರುವುದಿಲ್ಲ. ಹೆಸರು ಮಾತ್ರ ಉಳಿದಿರುತ್ತದೆ. ಈಗ ಬೆಲ್ಲ, ನೀರು, ಶುಂಠಿ, ಮೆಣಸು, ಏಲಕ್ಕಿ ಎಂಬ ಈ ಐದನ್ನು ಒಟ್ಟಿಗೆ ಉಚ್ಚರಿಸಿ ನೋಡಿ. ರಾಮನವಮಿಯ ಪಾನಕ ನೆನಪಾಗುವುದಿಲ್ಲವೆ? 16ನೆಯ ಶತಮಾನದ ಮಂಗರಸನ 'ಸೂಪಶಾಸ್ತ್ರ'ದಲ್ಲಿ ಪಾನಕಗಳಿಗೆಂದೇ ಒಂದು ಅಧ್ಯಾಯವಿದೆ. ಅವನ ಕಾಲಕ್ಕೆ ಕಾಫಿ ಈ ನೆಲವನ್ನು ಮೆಟ್ಟಿರಲಿಲ್ಲ. ಕಾಫಿ ಬಂದಾಗ ಮಲೆನಾಡಿನ ಹೆಂಗಸರು ಅದನ್ನು ಎದುರುಗೊಂಡದ್ದು ತಮಗೆ ತಿಳಿದಿದ್ದ ಪಾನಕದ ವ್ಯಾಕರಣದಿಂದ ಎಂದು ನನ್ನ ಊಹೆ. ಹೊಸ ಶಬ್ದ ಭಾಷೆಗೆ ಬಂದಾಗ ಹಳೆಯ ವಿಭಕ್ತಿಪ್ರತ್ಯಯಗಳನ್ನೇ ಹಚ್ಚಿ ನಮ್ಮದು ಮಾಡಿಕೊಳ್ಳುವುದಿಲ್ಲವೆ, ಹಾಗೆ. ಬಿಸಿಮಾಡಿದ ಪಾನಕಕ್ಕೆ ಕಾಫಿಯ ಪುಡಿ ಅತಿಥಿಯಾಗಿ ಬಂತು.

ಮತ್ತೆ ಇದು ಪೇಟೆಯಲ್ಲಿ ಮರ್ಯಾದೆ ಕಳೆದುಕೊಂಡದ್ದೇಕೆ? ಉತ್ತರ ರುಚಿಯಲ್ಲಿದೆಯೆಂದು ನನಗೆ ತೋರುವುದಿಲ್ಲ. ಮಲೆನಾಡಿನ ನನ್ನ ಅಜ್ಜಿಯ ಮನೆಯಲ್ಲಿ ಬೆಳಗಾದರೆ ಒಲೆಯ ಮೇಲೆ ಎರಡು ಕಾಫಿ. ಒಂದು, ಹಾಲು ಸಕ್ಕರೆಯದು; ಅದು ಬೆಳ್ಳಿಯ ಲೋಟದಲ್ಲಿ ಜಗಲಿಗೆ ಹೋಗುತ್ತಿತ್ತು, ಅಜ್ಜನಿಗೆ, ಬಂದ ನೆಂಟರಿಗೆ, ಶಾನುಭೋಗರಿಗೆ. ಇನ್ನೊಂದು, ದೊಡ್ಡ ತಪ್ಪಲೆಯಲ್ಲಿ ಕುದಿಯುವ ಬೆಲ್ಲ ಶುಂಠಿಯದು. ಅದು ಹಿತ್ತಿಲ ಬಾಗಿಲಿಗೆ. ತೋಟದ ಕೆಲಸಕ್ಕೆ ಬಂದವರು ಅಂಗಳದ ಅಂಚಿನಲ್ಲಿ ತಮ್ಮ ತಮ್ಮ ಪಾತ್ರೆಗಳನ್ನು ಇಟ್ಟು ದೂರ ಸರಿಯುತ್ತಿದ್ದರು. ಪಾತ್ರೆಗೆ ಪಾತ್ರೆ ತಾಗದಂತೆ ಮೇಲಿನಿಂದ ಹೊಯ್ಯುತ್ತಿದ್ದರು. ಹಬೆಯೊಡನೆ ಶುಂಠಿಯ ಘಾಟು ಅಂಗಳವನ್ನೆಲ್ಲ ತುಂಬುತ್ತಿತ್ತು. ಎಲ್ಲರದೂ ಆದ ಮೇಲೆ ಅಜ್ಜಿ ತನಗೆಂದು ಬಗ್ಗಿಸಿಕೊಳ್ಳುತ್ತಿದ್ದುದು ಈ ಎರಡನೆಯ ತಪ್ಪಲೆಯಿಂದ. ಜಗಲಿಗೆ ಕಾಣದಂತೆ, ಒಲೆಯ ಬದಿಯಲ್ಲಿ ಕುಳಿತು ಕುಡಿಯುತ್ತಿದ್ದಳು. ಜಗಲಿಯ ಕಾಫಿಯ ಗೌರವವನ್ನು ಕಾಪಾಡಿದವಳೂ ಅವಳೇ, ಹಿತ್ತಿಲ ಕಾಫಿಯ ರುಚಿಯನ್ನು ಬಲ್ಲವಳೂ ಅವಳೇ.

ಕಾಫಿಯ ಶುದ್ಧತೆಯನ್ನು ಕುರಿತು ಮಿತ್ರರು ವಾದಕ್ಕೆ ನಿಂತಾಗಲೆಲ್ಲ ನನಗೆ ಆ ಎರಡು ಪಾತ್ರೆಗಳು ಕಣ್ಣಮುಂದೆ ಬರುತ್ತವೆ. ಆ ಶುದ್ಧತೆಯಲ್ಲಿ ನಾಲಗೆಯ ಪಾಲೆಷ್ಟು, ಜಗಲಿಯ ಪಾಲೆಷ್ಟು? ವಾದ ಮಾಡುವವರ ಪುಡಿಯಲ್ಲಿ ಚಿಕೋರಿ ಎಂಬ ಬೇರನ್ನು ಹುರಿದು ಬೆರೆಸಿರುತ್ತದೆ; ಅದು ಮಾತ್ರ ಅವರಿಗೆ ಕಲಬೆರಕೆಯಾಗಿ ತೋರುವುದಿಲ್ಲ!

ಇನ್ನು ಮಾಡುವ ಕ್ರಮ. ಎರಡು ಲೋಟ ನೀರಿಗೆ ಹೆಬ್ಬೆರಳ ಉಗುರಿನಷ್ಟು ಒಣಶುಂಠಿ, ನಾಲ್ಕು ಕಾಳು ಮೆಣಸು. ಇವನ್ನು ಜಜ್ಜಿ ಹಾಕಬೇಕು, ನುಣ್ಣಗೆ ಪುಡಿಮಾಡಿದರೆ ಶೋಧಿಸಲು ಬರುವುದಿಲ್ಲ. ದಾಲ್ಚಿನ್ನಿ ಬೇಕೆನಿಸಿದರೆ ಕಿರುಬೆರಳ ಒಂದು ಗೆಣ್ಣಿನಷ್ಟು ಸಾಕು. ಇವೆಲ್ಲ ಗಟ್ಟಿ ಪದಾರ್ಥಗಳು, ಸತ್ತ್ವ ಬಿಡಲು ಹೊತ್ತು ಬೇಡುತ್ತವೆ. ಏಳೆಂಟು ನಿಮಿಷ ಸಣ್ಣ ಉರಿಯಲ್ಲಿ ಕುದಿಯಲಿ. ಏಲಕ್ಕಿಯದು ಬೇರೆ ಸ್ವಭಾವ. ಅದರ ಕಂಪು ಹಬೆಯೊಡನೆ ಹಾರಿಹೋಗುವಂಥದು. ಮೊದಲೇ ಹಾಕಿ ಕುದಿಸಿದರೆ ಅಡುಗೆಮನೆ ಘಮಘಮಿಸುತ್ತದೆ, ಲೋಟದಲ್ಲಿ ಏನೂ ಉಳಿಯುವುದಿಲ್ಲ. ಆದುದರಿಂದ ಉರಿಯನ್ನು ಆರಿಸುವ ಮುನ್ನ ಎರಡು ಕಾಯಿಗಳನ್ನು ಸಿಪ್ಪೆಸಹಿತ ಜಜ್ಜಿ ಹಾಕಬೇಕು. ಒಳಗಿನ ಕಾಳು ಕಪ್ಪಗೆ, ತುಸು ಅಂಟಾಗಿದ್ದರೆ ಅದು ಒಳ್ಳೆಯ ಏಲಕ್ಕಿ. ಉರಿ ಆರಿದ ಮೇಲೆ ಎರಡು ಚಮಚ ಕಾಫಿಯ ಪುಡಿ. ಕಾಫಿಯನ್ನು ಬಹಳ ಹೊತ್ತು ಕುದಿಸಿದರೆ ಕಹಿ ಮುಂದಾಗಿ ಉಳಿದುದೆಲ್ಲ ಹಿಂದಾಗುತ್ತದೆ. ಮುಚ್ಚಿಟ್ಟು ಐದು ನಿಮಿಷ ಕಾದು, ತೆಳುಬಟ್ಟೆಯಲ್ಲಿ ಶೋಧಿಸಿದರಾಯಿತು. ಫಿಲ್ಟರನ್ನು ಬಿಡಲಾರೆ ಎನ್ನುವವರಿಗೂ ದಾರಿಯಿದೆ: ಸಂಬಾರವನ್ನು ಕುದಿಸಿದ ನೀರನ್ನು ಸೋಸಿ ಅದನ್ನೇ ಬಿಸಿಯಾಗಿ ಪುಡಿಯ ಮೇಲೆ ಹೊಯ್ಯುವುದು. ಪುಡಿ ಚಿಕೋರಿಯಿಲ್ಲದ್ದಾಗಿರಲಿ, ಹುರಿದದ್ದು ತುಂಬ ಕಪ್ಪಾಗದಿರಲಿ. ಲವಂಗವಾದರೆ ಎರಡು ಲೋಟಕ್ಕೆ ಒಂದೇ ಒಂದು. ಎರಡಾದರೆ ಹಲ್ಲಿನ ವೈದ್ಯರ ಕೋಣೆಯಲ್ಲಿ ಕುಳಿತಂತಾಗುತ್ತದೆ.

ಹಾಲು ಬೇಕೆನ್ನುವವರು ಎರಡು ಕಡೆ ಎಚ್ಚರವಾಗಿರಬೇಕು. ಹಸಿಯ ಶುಂಠಿಯಲ್ಲಿ ಹಾಲನ್ನು ಒಡೆಸುವ ಕಿಣ್ವವೊಂದಿದೆ. ಶುಂಠಿಯನ್ನು ಮೊದಲು ನೀರಿನಲ್ಲಿ ಚೆನ್ನಾಗಿ ಕುದಿಸಿದರೆ ಅದರ ಆಟ ನಿಲ್ಲುತ್ತದೆ. ಬೆಲ್ಲದಲ್ಲಿಯೂ ತುಸು ಹುಳಿಯ ಅಂಶವಿರುತ್ತದೆ. ಕುದಿಯುವ ಹಾಲಿಗೆ ಬೆಲ್ಲ ಹಾಕಿದವರು ಕಾಫಿಯ ಬದಲು ಗಿಣ್ಣನ್ನು ನೋಡಬೇಕಾದೀತು. ಬೆಲ್ಲವನ್ನು ಡಿಕಾಕ್ಷನ್ನಿನಲ್ಲಿ ಕರಗಿಸಿ, ಅದು ಸ್ವಲ್ಪ ಆರಿದ ಬಳಿಕ ಬೇರೆಯಾಗಿ ಕಾಯಿಸಿದ ಹಾಲನ್ನು ಕೂಡಿಸುವುದು ಕ್ಷೇಮ.

ಮೇಷ್ಟರ ಚಾಳಿ, ಒಂದು ಶಬ್ದದ ಮಾತನ್ನು ಹೇಳದೆ ಬಿಡಲಾರೆ. ಸಂಸ್ಕೃತ ವೈದ್ಯಗ್ರಂಥಗಳಲ್ಲಿ ಶುಂಠಿಯೆಂದರೇ ಒಣಗಿದ್ದು. ಹಸಿಯದಕ್ಕೆ ಆರ್ದ್ರಕವೆಂದು ಬೇರೆ ಹೆಸರು. ಹಾಗಾಗಿ ನಮ್ಮ 'ಹಸಿಶುಂಠಿ' ಎಂಬ ಮಾತು ಹಸಿಯಾದ ಒಣಗಿದ್ದು ಎಂಬಂತಾಯಿತು! ಉತ್ತರ ಕರ್ನಾಟಕದವರು ಹಸಿಯದನ್ನು ಅಲ್ಲವೆಂದು ಕರೆದು ಈ ತೊಡಕಿನಿಂದ ಪಾರಾಗಿದ್ದಾರೆ. ಗುಣದಲ್ಲಿಯೂ ಇವು ಎರಡೇ: ಒಣಗುವಾಗ ಶುಂಠಿಯ ಖಾರದ ಸತ್ತ್ವ ಮಾರ್ಪಟ್ಟು ಇನ್ನಷ್ಟು ತೀಕ್ಷ್ಣವಾಗುತ್ತದೆ. ಅಲ್ಲದ ಖಾರ ನಾಲಗೆಯ ತುದಿಯಲ್ಲಿ ಕುಣಿದು ಹೋಗುತ್ತದೆ; ಒಣಶುಂಠಿಯದು ಗಂಟಲಿಗಿಳಿದು ಅಲ್ಲಿ ಕೂಡುತ್ತದೆ. ಕಾಫಿಗೆ ನನ್ನ ಮತ ಎರಡನೆಯದಕ್ಕೆ.

ಹಾಲಿಲ್ಲದ ಈ ಕಾಫಿಗೆ ದೊಡ್ಡ ಲೋಟ ಒಗ್ಗದು. ಸಣ್ಣ ಬಟ್ಟಲಿನಲ್ಲಿ ಸ್ವಲ್ಪ ಸ್ವಲ್ಪವೇ ಬಗ್ಗಿಸಿಕೊಂಡು ಬಿಸಿಯಿರುವಾಗ ಕುಡಿಯಬೇಕು. ಅರಬ್ಬರಲ್ಲಿ ಅತಿಥಿ ತನಗೆ ಇನ್ನು ಸಾಕಾದಾಗ ಬರಿದಾದ ಬಟ್ಟಲನ್ನು ಮೆಲ್ಲನೆ ಅಲುಗಿಸುತ್ತಾನೆ. ಬಡಿಸುವವನು ಅರ್ಥಮಾಡಿಕೊಂಡು ಹಿಂದೆ ಸರಿಯುತ್ತಾನೆ. ನಮ್ಮ ಮಲೆನಾಡಿನ ಮನೆಗಳಲ್ಲಿ ಅಂಥ ಸಂಜ್ಞೆಯಿಲ್ಲ. ಸಾಕೆಂದು ಬಾಯಿಬಿಟ್ಟು ಹೇಳಬೇಕು. ಹೇಳಿದ ಮೇಲೂ ಇನ್ನರ್ಧ ಬಟ್ಟಲು ಬಿದ್ದೇ ಬೀಳುತ್ತದೆ.