ವಸ್ತುಸಂಗ್ರಹಾಲಯದಲ್ಲಿ ಮಗುವಿನ ಕೈ, ಪಾಲಕರ ಮಾತು

ಒಂದನೆಯ ತರಗತಿಗೆ ಇನ್ನೂ ಸೇರದ, ಮೂರರಿಂದ ಆರು ವರ್ಷದೊಳಗಿನ ಮಕ್ಕಳನ್ನು ಶಿಕ್ಷಣಶಾಸ್ತ್ರವು ಶಾಲಾಪೂರ್ವ ಮಕ್ಕಳೆಂದು ಕರೆಯುತ್ತದೆ. ಈ ವಯಸ್ಸಿನಲ್ಲಿ ನೋಡುವುದು ಬೇರೆ, ಮುಟ್ಟುವುದು ಬೇರೆ ಎಂಬ ಭೇದವಿರುವುದಿಲ್ಲ. ಕಣ್ಣಿಗೆ ಬಿದ್ದದ್ದನ್ನು ಹಿಡಿದು, ತಿರುವಿ, ತಟ್ಟಿ, ಮೂಸಿ, ಕೆಲವೊಮ್ಮೆ ಬಾಯಿಗೂ ಇಟ್ಟು ನೋಡಿದ ಮೇಲೆಯೇ ಮಗುವಿಗೆ ಆ ವಸ್ತುವಿನ ಪರಿಚಯವಾಗುತ್ತದೆ. ವಸ್ತುಸಂಗ್ರಹಾಲಯವಾದರೋ ಹಳೆಯದನ್ನು ಹಾಳಾಗದಂತೆ ಕಾಯುವ ಹೊಣೆ ಹೊತ್ತ ಸಂಸ್ಥೆಯಾದ್ದರಿಂದ ಅದರ ಗೋಡೆಯ ಮೇಲೆ ಮೊದಲು ಕಾಣುವ ಬರಹವೇ ‘ಮುಟ್ಟಬೇಡಿ’ ಎಂದಿರುತ್ತದೆ. ಎರಡೂ ನ್ಯಾಯವಾದ ಬೇಡಿಕೆಗಳೇ. ಎರಡಕ್ಕೂ ಚ್ಯುತಿ ಬಾರದಂತೆ, ಮೂಲವಸ್ತುವಿನ ಪ್ರತಿಕೃತಿಯನ್ನೋ ಅದೇ ಬಗೆಯ ಬಳಕೆಯ ವಸ್ತುವನ್ನೋ ಮಗುವಿನ ಕೈಗಿತ್ತು ಆಡಲು ಬಿಡುವ ಕ್ರಮವನ್ನು ಇಲ್ಲಿ ‘ಮುಟ್ಟಿ ಆಡುವ ಚಟುವಟಿಕೆ’ ಎಂದು ಕರೆಯಲಾಗಿದೆ. ಇಂಥ ಚಟುವಟಿಕೆಯನ್ನು ಮಗುವೊಂದಕ್ಕೇ ಎಂದು ರೂಪಿಸಿದರೆ ಅದರ ಫಲ ಅರ್ಧಕ್ಕೇ ನಿಲ್ಲುತ್ತದೆ. ಮಗುವನ್ನೂ ಅದರ ಜೊತೆಗೆ ಬಂದ ದೊಡ್ಡವರನ್ನೂ ಒಂದೇ ಜೋಡಿಯೆಂದು ಎಣಿಸಿ ರೂಪಿಸಬೇಕು ಎಂಬುದೇ ಈ ವಿಚಾರ ಸಂಕಿರಣದ ಮುಂದಿರುವ ಆಶಯ.

ಮಕ್ಕಳಿಗಾಗಿಯೇ ವಸ್ತುಸಂಗ್ರಹಾಲಯ ಎಂಬ ಕಲ್ಪನೆಗೆ ಒಂದೂಕಾಲು ಶತಮಾನದ ಇತಿಹಾಸವಿದೆ. ನ್ಯೂಯಾರ್ಕ್ ನಗರದ ಬ್ರೂಕ್ಲಿನ್‌ನಲ್ಲಿ 1899ರಲ್ಲಿ ಆರಂಭವಾದ ಸಂಗ್ರಹಾಲಯವು ಈ ಬಗೆಯವುಗಳಲ್ಲಿ ಜಗತ್ತಿನಲ್ಲೇ ಮೊದಲನೆಯದು. 1913ರಲ್ಲಿ ಬಾಸ್ಟನ್‌ನಲ್ಲಿ ವಿಜ್ಞಾನ ಶಿಕ್ಷಕರು ಸೇರಿ ಮತ್ತೊಂದನ್ನು ಸ್ಥಾಪಿಸಿದರು. ಆದರೆ ಮಕ್ಕಳಿಗೆಂದೇ ಕಟ್ಟಿದ ಕಡೆಗಳಲ್ಲಿಯೂ ಬಹುಕಾಲ ಹೆಚ್ಚಿನ ವಸ್ತುಗಳು ಗಾಜಿನ ಕಪಾಟಿನೊಳಗೇ ಉಳಿದಿದ್ದವು. ಮಕ್ಕಳ ಪಾಲನೆಯ ಕುರಿತ ಪುಸ್ತಕದಿಂದ ಲೋಕಪ್ರಸಿದ್ಧರಾಗಿದ್ದ ವೈದ್ಯ ಬೆಂಜಮಿನ್ ಸ್ಪಾಕ್ ಅವರ ಮಗ ಮೈಕೆಲ್ ಸ್ಪಾಕ್ 1962ರಲ್ಲಿ ಬಾಸ್ಟನ್ ಸಂಗ್ರಹಾಲಯದ ನಿರ್ದೇಶಕರಾದ ಮೇಲೆ, ದಿನಬಳಕೆಯ ವಸ್ತುಗಳನ್ನು ಸೀಳಿ ಒಳಭಾಗವನ್ನು ತೆರೆದು ತೋರಿಸುವ, ಮಕ್ಕಳು ಒಳಹೊಕ್ಕು ಹೊರಬರಬಹುದಾದ ಪ್ರದರ್ಶನಗಳು ಅಲ್ಲಿ ಬಂದವು. ಮುಟ್ಟಿ ಕಲಿಯುವ ಸಂಗ್ರಹಾಲಯವೆಂದು ಇಂದು ಎಲ್ಲೆಡೆ ಹೇಳುವ ಮಾದರಿ ಬಹುಮಟ್ಟಿಗೆ ಅಲ್ಲಿಂದ ಹರಡಿದ್ದು.

ಗಾಜನ್ನು ತೆಗೆದದ್ದು ದೊಡ್ಡ ಹೆಜ್ಜೆ ನಿಜ. ಗಾಜಿಲ್ಲದ ಕಡೆ ಮಗು ಮತ್ತು ಪಾಲಕರ ನಡುವೆ ಏನು ನಡೆಯುತ್ತದೆ ಎಂಬುದನ್ನು ಅಮೆರಿಕದ ಸ್ಯಾನ್ ಹೋಸೆಯ ಮಕ್ಕಳ ಸಂಗ್ರಹಾಲಯದಲ್ಲಿ ಕೆವಿನ್ ಕ್ರೌಲಿ, ಮೌರೀನ್ ಕ್ಯಾಲನನ್ ಮತ್ತವರ ಸಹೋದ್ಯೋಗಿಗಳು ನಡೆಸಿ 2001ರಲ್ಲಿ ಪ್ರಕಟಿಸಿದ ಅಧ್ಯಯನಗಳು ತೋರಿಸಿಕೊಟ್ಟಿವೆ. ಪಾಲಕರ ಜೊತೆಗೂಡಿ ಆಡಿದ ಮಕ್ಕಳು ಒಬ್ಬರೇ ಆಡಿದವರಿಗಿಂತ ಹೆಚ್ಚು ಹೊತ್ತು, ಹೆಚ್ಚು ಗಮನವಿಟ್ಟು ವಸ್ತುವನ್ನು ಪರೀಕ್ಷಿಸಿದರೆಂಬುದು ಅವುಗಳಲ್ಲಿ ಒಂದು ಫಲಿತಾಂಶ. ಇನ್ನೊಂದು ಫಲಿತಾಂಶ ಮನಸ್ಸಿಗೆ ಚುಚ್ಚುವಂಥದ್ದು. ಗಂಡುಮಕ್ಕಳೂ ಹೆಣ್ಣುಮಕ್ಕಳೂ ಒಂದೇ ಉತ್ಸಾಹದಿಂದ ವಸ್ತುಗಳನ್ನು ತಿರುಗಿಸಿ ನೋಡಿದರು, ಅವುಗಳನ್ನು ಹೇಗೆ ಬಳಸಬೇಕೆಂದು ಪಾಲಕರು ಇಬ್ಬರಿಗೂ ಸಮನಾಗಿ ತೋರಿಸಿಕೊಟ್ಟರು. ಆದರೆ ‘ಇದು ಹೀಗೇಕಾಗುತ್ತದೆ’ ಎಂಬ ವಿವರಣೆ ಮಾತ್ರ ಹೆಣ್ಣುಮಕ್ಕಳಿಗಿಂತ ಗಂಡುಮಕ್ಕಳಿಗೆ ಮೂರು ಪಟ್ಟು ಹೆಚ್ಚಾಗಿ ಸಂದಿತ್ತು. ಆ ಮಕ್ಕಳ ವಯಸ್ಸು ಒಂದರಿಂದ ಎಂಟು ವರ್ಷ. ಹಲವರ ಪಾಲಿಗೆ ಶಾಲೆಯ ಮೆಟ್ಟಿಲು ಹತ್ತುವ ಮೊದಲೇ, ಪ್ರೀತಿಸುವ ತಂದೆತಾಯಿಯ ಕೈಯಿಂದಲೇ, ಯಾರ ಅರಿವಿಗೂ ಬಾರದೆ ನಡೆದ ತಾರತಮ್ಯವಿದು. ಪ್ರದರ್ಶನದ ವಸ್ತು ಎಷ್ಟೇ ಚೆನ್ನಾಗಿದ್ದರೂ ಪಾಲಕರ ಮಾತನ್ನು ಅದು ತಾನಾಗಿಯೇ ತಿದ್ದಲಾರದೆಂಬುದನ್ನು ಈ ಒಂದು ಫಲಿತಾಂಶವೇ ಸ್ಪಷ್ಟಪಡಿಸುತ್ತದೆ.

ದೊಡ್ಡವರ ನೆರವು ಹೇಗಿರಬೇಕೆಂಬುದಕ್ಕೆ ಡೇವಿಡ್ ವುಡ್, ಜೆರೋಮ್ ಬ್ರೂನರ್ ಮತ್ತು ಗೇಲ್ ರಾಸ್ 1976ರಲ್ಲಿ ಒಂದು ಹೋಲಿಕೆಯನ್ನು ಕೊಟ್ಟರು. ಮೂರು, ನಾಲ್ಕು, ಐದು ವರ್ಷದ ಮಕ್ಕಳು ಮರದ ತುಂಡುಗಳನ್ನು ಜೋಡಿಸಿ ಪಿರಮಿಡ್ ಕಟ್ಟುವುದನ್ನು ಗಮನಿಸಿದ ಅವರು, ಕಲಿಸುವವರ ನೆರವನ್ನು ಕಟ್ಟಡ ಕಟ್ಟುವಾಗ ನಿಲ್ಲಿಸುವ ಸಾರವೆಗೆ ಹೋಲಿಸಿದರು. ಗೋಡೆ ಏರುತ್ತಿರುವಾಗ ಸಾರವೆ ಬೇಕು, ಗೋಡೆ ನಿಂತ ಮೇಲೆ ಅದನ್ನು ಬಿಚ್ಚಬೇಕು. ಕನ್ನಡದ ಮನೆಗಳ ರೂಢಿಯಲ್ಲಿ ಸಾಮಾನ್ಯವಾಗಿ ಇದರ ಎರಡು ಅತಿಗಳು ಕಾಣುತ್ತವೆ. ಒಂದು, ಮಗು ತಡಮಾಡಿದರೆ ಸಾಕು, ಅದರ ಕೈಯಿಂದ ಕಸಿದು ದೊಡ್ಡವರೇ ಮಾಡಿ ಮುಗಿಸುವುದು. ಇನ್ನೊಂದು, ‘ಇದೇನು ಹೇಳು ಪುಟ್ಟಾ, ಬಣ್ಣ ಯಾವುದು ಹೇಳು’ ಎಂದು ಎಲ್ಲರೆದುರು ಪರೀಕ್ಷೆ ನಡೆಸುವುದು. ಉತ್ತರ ಗೊತ್ತಿದ್ದೂ ಕೇಳುವ ಪ್ರಶ್ನೆಯೆಂದು ಮಗುವಿಗೆ ಬಲುಬೇಗ ತಿಳಿಯುತ್ತದೆ, ತಿಳಿದೊಡನೆ ಅದು ಆಟವನ್ನು ಬಿಟ್ಟು ಒಪ್ಪಿಸುವುದಕ್ಕೆ ನಿಲ್ಲುತ್ತದೆ. ಆದ್ದರಿಂದ ಚಟುವಟಿಕೆಯ ಮೇಜಿನ ಬಳಿ ದೊಡ್ಡವರ ಕಣ್ಣಿನ ಎತ್ತರದಲ್ಲಿ, ಆಡುಮಾತಿಗೆ ಹತ್ತಿರವಾದ ಕನ್ನಡದಲ್ಲಿ, ಅವರಿಗಾಗಿಯೇ ಒಂದೆರಡು ಸಾಲು ಬರೆದಿಡುವುದು ವಿನ್ಯಾಸದ ಮುಖ್ಯ ಭಾಗವಾಗಬೇಕು: ಕೇಳಬಹುದಾದ ಒಂದು ‘ಯಾಕೆ’, ಸುಮ್ಮನಿರಬೇಕಾದ ಒಂದು ಹೊತ್ತು.

ಬೆಂಗಳೂರಿನ ಕಸ್ತೂರಬಾ ರಸ್ತೆಯಲ್ಲಿ 1962ರಲ್ಲಿ ಉದ್ಘಾಟನೆಗೊಂಡ ವಿಶ್ವೇಶ್ವರಯ್ಯ ಕೈಗಾರಿಕಾ ಮತ್ತು ತಾಂತ್ರಿಕ ವಸ್ತುಸಂಗ್ರಹಾಲಯವು ಕೈಯಿಂದ ನಡೆಸಿ ನೋಡುವ ಮಾದರಿಗಳನ್ನು ಕನ್ನಡ ನಾಡಿನ ಹಲವು ತಲೆಮಾರುಗಳಿಗೆ ಪರಿಚಯಿಸಿದೆ. ಆದರೂ ಗುಂಡಿ ಒತ್ತಿ ಓಡುವ ಮಕ್ಕಳ ದೃಶ್ಯ ಯಾವ ವಿಜ್ಞಾನ ಕೇಂದ್ರಕ್ಕೂ ಹೊಸತಲ್ಲ. ಗುಂಡಿ ಒತ್ತುವುದು ಆಟವಾಗಲಾರದು. ಅಲ್ಲಿ ಬೆರಳಿಗೆ ಕೆಲಸವಿದೆ, ಬುದ್ಧಿಗೆ ಇಲ್ಲ. ನಾಲ್ಕು ವರ್ಷದ ಮಗುವಿಗೆ ನೀರು, ಮರಳು, ಜೇಡಿಮಣ್ಣು, ಹಿಟ್ಟು ಎಂಬ ತಾನೇ ರೂಪ ಕೊಡಬಹುದಾದ ಪದಾರ್ಥಗಳೇ ಬೇಕು.

ಅದೇ ರಸ್ತೆಯಲ್ಲಿರುವ, 1865ರಲ್ಲಿ ಸ್ಥಾಪನೆಯಾದ ಸರ್ಕಾರಿ ವಸ್ತುಸಂಗ್ರಹಾಲಯದ ಸಂಗ್ರಹದಲ್ಲಿ ಪುಟ್ಟ ಮಕ್ಕಳಿಗಾಗಿಯೇ ಕಡೆದಂತಿರುವ ಒಂದು ಕಲ್ಲಿದೆ. ಮದ್ದೂರು ತಾಲ್ಲೂಕಿನ ಆತಕೂರಿನಿಂದ ಬಂದ, ಹತ್ತನೆಯ ಶತಮಾನದ ಈ ಶಾಸನವನ್ನು ವಿದ್ವಾಂಸರು ರಾಷ್ಟ್ರಕೂಟರಿಗೂ ಚೋಳರಿಗೂ ನಡೆದ ತಕ್ಕೋಲದ ಯುದ್ಧಕ್ಕಾಗಿ ಓದುತ್ತಾರೆ. ಮಗುವಿಗೆ ಆ ಯುದ್ಧ ಬೇಡ. ಗಂಗರ ಅರಸ ಬೂತುಗನಿಂದ ಅವನ ಯೋಧ ಮಣಲೇರನು ಮೆಚ್ಚುಗೆಯಾಗಿ ಪಡೆದ ಕಾಳಿ ಎಂಬ ನಾಯಿ ಕಾಡುಹಂದಿಯೊಡನೆ ಕಾದಾಡಿದ್ದು, ಎರಡೂ ಸತ್ತದ್ದು, ನಾಯಿಯ ನೆನಪಿಗೆ ಕಲ್ಲು ನಿಲ್ಲಿಸಿದ್ದು ಆ ಬರಹದಲ್ಲೇ ಇದೆ. ನಾಯಿಯೂ ಹಂದಿಯೂ ಸೆಣಸುವ ಚಿತ್ರ ಕಲ್ಲಿನ ಮೇಲಿದೆ. ಮೂಲಶಿಲೆಯನ್ನು ಮುಟ್ಟಗೊಡದೆ, ಅದರ ಅಚ್ಚಿನಿಂದ ತೆಗೆದ ಪ್ರತಿಕೃತಿಯ ಮೇಲೆ ಮಗು ಬೆರಳಾಡಿಸಿ ಹಂದಿಯ ಮೂತಿ ಯಾವುದು, ನಾಯಿಯ ಬಾಲ ಯಾವುದು ಎಂದು ಹುಡುಕಿ, ಪಕ್ಕದಲ್ಲಿಟ್ಟ ಜೇಡಿಮಣ್ಣಿನಲ್ಲಿ ತನ್ನ ಮನೆಯ ಅಥವಾ ಬೀದಿಯ ನಾಯಿಯನ್ನು ಮಾಡುವಾಗ, ಕಥೆ ಹೇಳುವ ಕೆಲಸ ತಂದೆತಾಯಿಯ ಪಾಲಿಗೆ ಬರುತ್ತದೆ. ‘ಅದು ಯಾಕೆ ಸತ್ತಿತು?’ ಎಂದು ಮಗು ಕೇಳಿಯೇ ಕೇಳುತ್ತದೆ. ಸಾವಿನ ಮಾತನ್ನು ಮುಚ್ಚಿಡದೆ ಮೆಲ್ಲಗೆ ಹೇಳುವ ಅವಕಾಶ ಮನೆಯ ಗಡಿಬಿಡಿಯಲ್ಲಿ ಸಿಗುವುದು ಕಷ್ಟ. ಸಾವಿರ ವರ್ಷದ ಕಲ್ಲಿನ ಎದುರು ಕೂತಾಗ ಸಿಗುತ್ತದೆ.

ಎಚ್. ಎಲ್. ನಾಗೇಗೌಡರು ರಾಮನಗರದ ಬಳಿ ಕಟ್ಟಿದ ಜಾನಪದ ಲೋಕದಂಥ ಸಂಗ್ರಹಾಲಯಗಳಲ್ಲಿ ಸಾಧ್ಯತೆ ಇನ್ನೂ ಹೆಚ್ಚು, ಏಕೆಂದರೆ ಹಳ್ಳಿಯ ಬದುಕಿನ ಸಾಮಾನುಗಳು ಮೊದಲಿನಿಂದಲೂ ಕೈಯ ಬಳಕೆಗೆಂದೇ ಆದವು. ಬೀಸುವ ಕಲ್ಲು, ಮೊರ, ಒನಕೆ, ಸೇರು, ಪಾವುಗಳ ಹೊಸ ಜೊತೆಗಳನ್ನು ಜಮಖಾನೆಯ ಮೇಲಿಟ್ಟು ಮಗುವಿಗೆ ರಾಗಿ ಅಳೆಯಲು ಬಿಟ್ಟರೆ, ನಾಲ್ಕು ಪಾವು ಸುರಿದಾಗ ಸೇರು ತುಂಬುವುದನ್ನು ಅದು ಅಂಕಿ ಕಲಿಯುವ ಮೊದಲೇ ಕಂಡುಕೊಳ್ಳುತ್ತದೆ; ಐದನೆಯ ಪಾವಿನ ರಾಗಿ ಚೆಲ್ಲಿ ಜಮಖಾನೆಯ ಮೇಲೆ ಹರಡಿದಾಗ ಆಗುವ ಬೆರಗು ಯಾವ ಪಟದಿಂದಲೂ ಬಾರದು. ಇಲ್ಲಿ ಮಗುವಿನ ಜೋಡಿ ಅನೇಕ ಸಲ ಅಜ್ಜಿ. ಕಲ್ಲಿನ ಗೂಟವನ್ನು ಹಿಡಿಯುವ ಬಗೆ, ಗುಳಿಗೆ ಎಷ್ಟು ಕಾಳು ಹಾಕಬೇಕೆಂಬ ಲೆಕ್ಕ, ಮೊರದಲ್ಲಿ ಕೇರುವಾಗಿನ ಮಣಿಕಟ್ಟಿನ ತಿರುವು ಕ್ಯುರೇಟರಿಗಿಂತ ಆಕೆಗೇ ಚೆನ್ನಾಗಿ ಗೊತ್ತು. ನುಣ್ಣಗೆ, ತರಿತರಿ, ಜಿಗುಟು, ಒರಟು, ಬಿರುಸು ಎಂಬ ಸ್ಪರ್ಶದ ಮಾತುಗಳು ಇಂಗ್ಲಿಷ್ ಶಿಶುವಿಹಾರಕ್ಕೆ ಹೋಗುವ ಮಗುವಿನ ಕಿವಿಗೆ ಇನ್ನೆಲ್ಲಿಯೂ ಇಷ್ಟು ಸಹಜವಾಗಿ ಬೀಳಲಾರವು. ಮನೆಯಲ್ಲಿ ಮೂಲೆ ಸೇರಿದ ಹಿರಿಯರ ತಿಳಿವಳಿಕೆಗೆ ಸಂಗ್ರಹಾಲಯವು ಮರ್ಯಾದೆಯ ಜಾಗ ಕೊಡುವುದು ಈ ಚಟುವಟಿಕೆಯ ಅತ್ಯಂತ ಬೆಲೆಯುಳ್ಳ ಫಲ.

ಸುರಕ್ಷತೆಯ ವಿಷಯದಲ್ಲಿ ಮಾತ್ರ ರಿಯಾಯಿತಿ ಸಲ್ಲದು. ಸುಮಾರು 3.2 ಸೆಂಟಿಮೀಟರ್ ವ್ಯಾಸದ ಪರೀಕ್ಷಾ ಕೊಳವೆಯೊಳಗೆ ಪೂರ್ತಿ ಹಿಡಿಸುವ ಯಾವ ಬಿಡಿ ತುಣುಕೂ ಮೂರು ವರ್ಷದೊಳಗಿನ ಮಕ್ಕಳ ಆಟಿಕೆಯಲ್ಲಿ ಇರಬಾರದೆಂಬುದು ಆಟಿಕೆ ಸುರಕ್ಷತೆಯ ಮಾನದಂಡ. ಅಕ್ಕನ ಜೊತೆ ತಮ್ಮನೂ ಬರುತ್ತಾನಾದ್ದರಿಂದ ಇದನ್ನು ಎಲ್ಲ ಮೇಜುಗಳಿಗೂ ಅನ್ವಯಿಸುವುದು ಲೇಸು. ಅಳಗುಳಿ ಮಣೆಗೆ ಕೆಲವೆಡೆ ಬಳಸುವ ಗುಲಗಂಜಿ ನೋಡಲು ಚೆಂದವಾದರೂ ವಿಷದ ಬೀಜ. ಅದು ಮಕ್ಕಳ ಕೋಣೆಯೊಳಗೆ ಬರಲೇಬಾರದು. ಅರಗಿನ ಬಣ್ಣ ಹಾಕಿ ಹಾಲೆ ಮರದಲ್ಲಿ ಕಡೆದ ಚನ್ನಪಟ್ಟಣದ ಬೊಂಬೆಗಳನ್ನು ತಕ್ಕ ಗಾತ್ರದಲ್ಲಿ ಮಾಡಿಸಿಕೊಂಡರೆ ಕುಶಲಕರ್ಮಿಗಳಿಗೆ ಕೆಲಸವೂ ಮಕ್ಕಳಿಗೆ ಒಳ್ಳೆಯ ಆಟಿಕೆಯೂ ಸಿಗುತ್ತದೆ.

2020ರ ರಾಷ್ಟ್ರೀಯ ಶಿಕ್ಷಣ ನೀತಿಯು ಮೂರರಿಂದ ಎಂಟು ವರ್ಷದವರೆಗಿನ ಕಾಲವನ್ನು ಬುನಾದಿ ಹಂತವೆಂದು ಕರೆದು ಆಟವನ್ನೇ ಆ ಹಂತದ ಬೋಧನೆಯ ದಾರಿಯೆಂದು ಒಪ್ಪಿಕೊಂಡಿದೆ. ಆದರೆ ಟಿಕೆಟ್ ಕೊಂಡು ನಗರದ ಸಂಗ್ರಹಾಲಯಕ್ಕೆ ಬರಬಲ್ಲ ಕುಟುಂಬಗಳು ಕೆಲವೇ. ಬಹುಪಾಲು ಶಾಲಾಪೂರ್ವ ಮಕ್ಕಳು ಇರುವುದು ಅಂಗನವಾಡಿಗಳಲ್ಲಿ. ಅಂಗನವಾಡಿಗಳನ್ನು ನಡೆಸುವ ಸಮಗ್ರ ಶಿಶು ಅಭಿವೃದ್ಧಿ ಯೋಜನೆಯು 1975ರ ಅಕ್ಟೋಬರ್ 2ರಂದು ಆರಂಭವಾದಾಗ ಕರ್ನಾಟಕದಲ್ಲಿ ಅದಕ್ಕೆ ಆಯ್ಕೆಯಾದದ್ದು ತಿರುಮಕೂಡಲು ನರಸೀಪುರ ತಾಲ್ಲೂಕು. 2023ರಲ್ಲಿ ವಿಶ್ವ ಪರಂಪರೆಯ ಪಟ್ಟಿಗೆ ಸೇರಿದ ಸೋಮನಾಥಪುರದ ಕೇಶವ ದೇಗುಲವೂ ಅದೇ ತಾಲ್ಲೂಕಿನಲ್ಲಿದೆ. ಆ ಗುಡಿಯ ಗೋಡೆಯ ಬುಡದಲ್ಲಿ ಎಲ್ಲಕ್ಕಿಂತ ಕೆಳಗೆ ಸಾಗುವುದು ಆನೆಗಳ ಸಾಲು. ದೊಡ್ಡವರು ಬಗ್ಗಿ ನೋಡಬೇಕಾದ ಆ ಆನೆಗಳು ಪುಟ್ಟ ಮಗುವಿಗೆ ನೇರವಾಗಿಯೇ ಎದುರಾಗುತ್ತವೆ. ಅಂಗನವಾಡಿಯ ತಾಯಂದಿರ ಸಭೆಗಳಲ್ಲಿ ವರ್ಷಕ್ಕೆ ಒಂದನ್ನಾದರೂ ಇಂಥ ಗುಡಿಯ ಹೊರಗಿನ ಹುಲ್ಲಿನ ಮೇಲೆ, ಒಂದು ಬುಟ್ಟಿ ಜೇಡಿಮಣ್ಣಿನೊಡನೆ ನಡೆಸಲು ಪುರಾತತ್ವ ಇಲಾಖೆಯೂ ಮಹಿಳಾ ಮತ್ತು ಮಕ್ಕಳ ಅಭಿವೃದ್ಧಿ ಇಲಾಖೆಯೂ ಕೈಜೋಡಿಸಬೇಕೆಂಬ ಕೋರಿಕೆಯನ್ನು ಈ ಸಂಕಿರಣವು ತನ್ನ ಮೊದಲ ನಿರ್ಣಯವಾಗಿ ಅಂಗೀಕರಿಸಲಿ.